ಒರೆಗೆ ನಿಲ್ಲುವ ಬಂಗಾರ

(ಆರಾಧನಾ ಮಹೋತ್ಸವದ ಸಂದರ್ಭದಲ್ಲಿ ನಡೆದ ಉಪನ್ಯಾಸದ ಲೇಖನರೂಪ)

॥ ಶ್ರೀಹರಿವಾಯುಗುರುಭ್ಯೋ ನಮಃ ॥



ಕನ್ನಡಿಗರು ಒಬ್ಬ ವ್ಯಕ್ತಿಯನ್ನು ಮನಸಾರೆ ಮೆಚ್ಚಿದಾಗ ಅವರ ಬಾಯಿಂದ ಸಹಜವಾಗಿ ಹೊರಡುವ ಮಾತು, "ಅವನು ಬಂಗಾರದಂಥ ಮನುಷ್ಯ" ಎಂಬುದು. ಸೊಸೆಯ ಗುಣವನ್ನು ಹೊಗಳುವ ಅತ್ತೆ "ನನ್ನ ಸೊಸೆ ಅಪರಂಜಿ" ಎನ್ನುತ್ತಾಳೆ. ಕಷ್ಟಪರಂಪರೆಯನ್ನು ದಾಟಿ ಬಂದವನನ್ನು "ಪುಟಕ್ಕಿಟ್ಟ ಚಿನ್ನ" ಎಂದು ಕರೆಯುತ್ತಾರೆ. ಒಬ್ಬನು ನಂಬಿಕೆಗೆ ಅರ್ಹನೋ ಅಲ್ಲವೋ ಎಂಬ ಸಂದೇಹ ಬಂದರೆ "ಒರೆಗೆ ಹಚ್ಚಿ ನೋಡಬೇಕು" ಎನ್ನುತ್ತಾರೆ. ಹೊರಗೆ ಥಳುಕು, ಒಳಗೆ ಹುಳುಕು ಇದ್ದವನು "ಕಾಗೆ ಬಂಗಾರ"ವೆನಿಸುತ್ತಾನೆ. ಅಕ್ಕಸಾಲಿಗನ ಕುಲುಮೆಯ ಮುಂದೆ ಲೋಹದ ಗುಣವನ್ನು ಹೇಳಲು ಹುಟ್ಟಿದ ಮಾತುಗಳು ಹೀಗೆ ಮನುಷ್ಯನ ಶೀಲವನ್ನು ಹೇಳುವ ಮಾತುಗಳಾಗಿ ಬೆಳೆದಿವೆ.

ಆದರೆ ಇದೇ ಜನ "ಚಿನ್ನದ ಕತ್ತಿಯೆಂದು ಕುತ್ತಿಗೆ ಕೊಯ್ದುಕೊಳ್ಳಲಾದೀತೇ?" ಎಂದೂ ಕೇಳಿದ್ದಾರೆ. ಹೋಲಿಕೆಯಾಗಿ ಬಂದಾಗ ಅಷ್ಟು ಹಿರಿದಾದ ವಸ್ತು ಕೈಗೆ ಬಂದಾಗ ಇಷ್ಟು ಅಪಾಯಕರವಾಗುವುದು ಏಕೆ? ಬಂಗಾರವನ್ನು ಹೊಂದುವುದಕ್ಕೂ ಬಂಗಾರದಂತೆ ಆಗುವುದಕ್ಕೂ ಇರುವ ಅಂತರವೇನು? ಚಿನ್ನದ ಬೆಲೆ ದಿನದಿನಕ್ಕೆ ಏರುತ್ತಿರುವ ಈ ಕಾಲದಲ್ಲಿ, ಮನೆಯಲ್ಲಿ ಮದುವೆಗೆ ಬೆಳೆದ ಮಕ್ಕಳಿರುವ ಪ್ರತಿಯೊಬ್ಬ ಗೃಹಸ್ಥನೂ ವಿಚಾರಮಾಡಬೇಕಾದ ಪ್ರಶ್ನೆಯಿದು.

ಭಾಗವತದ ಎರಡು ನೋಟಗಳು

ಶ್ರೀಮದ್ಭಾಗವತದಲ್ಲಿ ಚಿನ್ನವು ಎರಡು ಮುಖ್ಯ ಸಂದರ್ಭಗಳಲ್ಲಿ ಬರುತ್ತದೆ. ಅವೆರಡೂ ಒಂದಕ್ಕೊಂದು ವಿರುದ್ಧವೆಂಬಂತೆ ತೋರುತ್ತವೆ.

ಮೊದಲನೆಯದು ಪ್ರಥಮಸ್ಕಂಧದಲ್ಲಿದೆ. ಒಂಟಿಕಾಲಿನ ವೃಷಭರೂಪದ ಧರ್ಮವನ್ನೂ ಗೋರೂಪದ ಭೂದೇವಿಯನ್ನೂ ಹಿಂಸಿಸುತ್ತಿದ್ದ ಕಲಿಯನ್ನು ಪರೀಕ್ಷಿತ ಮಹಾರಾಜನು ತಡೆದನು. ಕಲಿಯು ಶರಣಾಗಿ ವಾಸಕ್ಕೆ ಸ್ಥಳವನ್ನು ಬೇಡಿದನು. ರಾಜನು ಜೂಜು, ಮದ್ಯಪಾನ, ಸ್ತ್ರೀಲಂಪಟತೆ, ಹಿಂಸೆ ಎಂಬ ನಾಲ್ಕು ಸ್ಥಳಗಳನ್ನು ಕೊಟ್ಟನು. ಕಲಿಗೆ ಅಷ್ಟು ಸಾಲಲಿಲ್ಲ, ಮತ್ತೆ ಬೇಡಿದನು. ಆಗ ರಾಜನು ಕೊಟ್ಟ ಐದನೆಯ ಸ್ಥಳವೇ ಚಿನ್ನ. ಚಿನ್ನವೊಂದು ದೊರೆತರೆ ಸುಳ್ಳು, ಮದ, ಕಾಮ, ರಜೋಗುಣದ ಕ್ರೌರ್ಯ ಎಂಬವುಗಳೊಡನೆ ವೈರವೂ ಸೇರಿ ಐದೂ ಒಟ್ಟಿಗೆ ದೊರೆತಂತೆಯೇ ಎಂಬುದು ಆ ಸಂದರ್ಭದ ಅಭಿಪ್ರಾಯ. ಅಣ್ಣತಮ್ಮಂದಿರು ತಾಯಿಯ ಒಡವೆಯನ್ನು ಹಂಚಿಕೊಳ್ಳಲು ಕುಳಿತ ಮನೆಗಳಲ್ಲಿ ಈ ಐದನೆಯದು, ಅಂದರೆ ವೈರ, ಹೇಗೆ ಹುಟ್ಟುತ್ತದೆಂಬುದನ್ನು ಯಾರೂ ವಿವರಿಸಬೇಕಾಗಿಲ್ಲ.

ಎರಡನೆಯದು ಸಪ್ತಮಸ್ಕಂಧದಲ್ಲಿದೆ. ಗುರುಗಳು ಮನೆಗೆಲಸದಲ್ಲಿ ತೊಡಗಿದ್ದ ವೇಳೆ ದೈತ್ಯಬಾಲಕರು ಪ್ರಹ್ಲಾದನನ್ನು ಆಟಕ್ಕೆ ಕರೆಯುತ್ತಾರೆ. ಅವನು ತಾಯಿಯ ಗರ್ಭದಲ್ಲಿದ್ದಾಗ ನಾರದರಿಂದ ಕೇಳಿದ ತತ್ತ್ವವನ್ನು ಅವರಿಗೆ ತಿಳಿಸುತ್ತಾನೆ. ಅಲ್ಲಿ ಅವನು ಕೊಡುವ ದೃಷ್ಟಾಂತ ಚಿನ್ನದ್ದು. ಚಿನ್ನದ ಅದಿರು ಇರುವ ನೆಲದಲ್ಲಿ ಆ ವಿದ್ಯೆಯನ್ನು ಬಲ್ಲವನು ತಕ್ಕ ಉಪಾಯಗಳಿಂದ ಕಲ್ಲಿನೊಳಗಿನ ಚಿನ್ನವನ್ನು ಪಡೆಯುವಂತೆ, ಅಧ್ಯಾತ್ಮವನ್ನು ಬಲ್ಲವನು ಈ ದೇಹವೆಂಬ ಕ್ಷೇತ್ರದಲ್ಲಿಯೇ ಸಾಧನೆಯಿಂದ ಪರಮಗತಿಯನ್ನು ಪಡೆಯುತ್ತಾನೆ ಎಂಬುದು ಅದರ ತಾತ್ಪರ್ಯ.

ಈ ಮಾತನ್ನು ಆಡಿದವನು ಯಾರ ಮಗ ಎಂಬುದನ್ನು ಗಮನಿಸಬೇಕು. ಹಿರಣ್ಯವೆಂದರೆ ಚಿನ್ನ, ಕಶಿಪು ಎಂದರೆ ಹಾಸಿಗೆ. ಹೆಸರಿನಲ್ಲಿಯೇ ಚಿನ್ನದ ಹಾಸಿಗೆಯನ್ನು ಹೊತ್ತ ತಂದೆಗೆ ಅದು ಭೋಗದ ವಸ್ತುವಾಗಿ ಕಂಡಿತು. ಅದೇ ಅರಮನೆಯಲ್ಲಿ ಬೆಳೆದ ಮಗನಿಗೆ ಅದು ಸಾಧನೆಯ ದೃಷ್ಟಾಂತವಾಗಿ ಕಂಡಿತು. ಲೋಹವು ಒಂದೇ; ನೋಡಿದ ಕಣ್ಣುಗಳು ಎರಡು. ಕಲಿಗೆ ಸ್ಥಳವಾಗುವುದು ಚಿನ್ನದಲ್ಲಿರುವ ಮಮಕಾರ. ಪ್ರಹ್ಲಾದನು ಕೈಗೆತ್ತಿಕೊಂಡದ್ದು ಚಿನ್ನದಲ್ಲಿರುವ ಪಾಠ. ಆ ಪ್ರಹ್ಲಾದರೇ ಮುಂದೆ ಶ್ರೀವ್ಯಾಸರಾಜರಾಗಿ, ಶ್ರೀರಾಘವೇಂದ್ರತೀರ್ಥರಾಗಿ ಅವತರಿಸಿದರೆಂಬುದು ಮಾಧ್ವಪರಂಪರೆಯ ದೃಢವಾದ ನಂಬಿಕೆ. ಆದ್ದರಿಂದ ಈ ದೃಷ್ಟಾಂತವು ಆರಾಧನೆಯ ದಿನಗಳಲ್ಲಿ ಚಿಂತನೆಗೆ ಅತ್ಯಂತ ಉಚಿತವಾದದ್ದು.

ಕಲ್ಲಿನೊಳಗಿನ ಹೊನ್ನು

ಪ್ರಹ್ಲಾದನ ದೃಷ್ಟಾಂತದ ಸೊಗಸು ತಿಳಿಯಬೇಕಾದರೆ ಚಿನ್ನದ ಗಣಿಯ ಕೆಲಸವನ್ನು ಸ್ವಲ್ಪ ತಿಳಿದಿರಬೇಕು. ಕರ್ನಾಟಕಕ್ಕೆ ಈ ವಿಷಯದಲ್ಲಿ ವಿಶೇಷ ಅನುಭವವಿದೆ. ಕೋಲಾರದ ಗಣಿಗಳಲ್ಲಿ ಜಾನ್ ಟೇಲರ್ ಕಂಪನಿಯು 1880ರ ಸುಮಾರಿಗೆ ಕೆಲಸವನ್ನು ಆರಂಭಿಸಿತು. 2001ರ ಫೆಬ್ರವರಿ 28ರಂದು ಮುಚ್ಚುವ ಹೊತ್ತಿಗೆ ಅಲ್ಲಿಯ ಸುರಂಗಗಳು 3 ಕಿಲೋಮೀಟರಿಗಿಂತ ಹೆಚ್ಚು ಆಳಕ್ಕೆ ಇಳಿದಿದ್ದವು. ದಾಸಸಾಹಿತ್ಯದ ಮಡಿಲೆನಿಸಿದ ರಾಯಚೂರು ಜಿಲ್ಲೆಯ ಹಟ್ಟಿಯಲ್ಲಿ ಗಣಿಯ ಕೆಲಸವು ಇಂದಿಗೂ ನಡೆಯುತ್ತಿದೆ.

ಗಣಿಯಿಂದ ಮೇಲೆ ಬಂದ ಅದಿರನ್ನು ಕಂಡವರಿಗೆ ಅದು ಬರಿಯ ಕಲ್ಲು. ಹೊಳಪಿಲ್ಲ, ಬಣ್ಣವಿಲ್ಲ. ಒಂದು ಟನ್ ಕಲ್ಲಿನಲ್ಲಿ ಸಾಮಾನ್ಯವಾಗಿ ಇರುವುದು ಕೆಲವೇ ಗ್ರಾಂ ಚಿನ್ನ. ಆ ಕಲ್ಲನ್ನು ಒಡೆದು, ಅರೆದು, ನುಣ್ಣನೆಯ ಪುಡಿ ಮಾಡಿ, ರಾಸಾಯನಿಕ ದ್ರವಗಳಿಂದ ಚಿನ್ನವನ್ನು ಬೇರ್ಪಡಿಸಿ, ಕೊನೆಗೆ ಮೂಸೆಯಲ್ಲಿ ಕರಗಿಸಬೇಕು. ಇಷ್ಟೆಲ್ಲ ನಡೆದ ಮೇಲೆ ಒಂದು ಉಂಗುರಕ್ಕೆ ಬೇಕಾಗುವಷ್ಟು ಚಿನ್ನ ಕೈಗೆ ಬರುತ್ತದೆ.

ಇಲ್ಲಿ ಮೂರು ಅಂಶಗಳನ್ನು ಗಮನಿಸಬೇಕು. ಮೊದಲನೆಯದಾಗಿ, ಈ ಕೆಲಸಗಳಲ್ಲಿ ಒಂದೂ ಚಿನ್ನವನ್ನು ಹೊಸದಾಗಿ ಹುಟ್ಟಿಸುವುದಿಲ್ಲ. ಚಿನ್ನವು ಕಲ್ಲಿನಲ್ಲಿ ಮೊದಲೇ ಇತ್ತು. ಅದನ್ನು ಮುಚ್ಚಿದ್ದುದು ಮಾತ್ರ ತೊಲಗಿತು. ಎರಡನೆಯದಾಗಿ, ಇದು ಬಲ್ಲವನ ಕೆಲಸ. ಅರಿಯದವನು ಆ ಕಲ್ಲನ್ನು ಗೋಡೆಗೆ ಇಡುತ್ತಾನೆ; ಅರಿತವನು ಎತ್ತಿಟ್ಟುಕೊಳ್ಳುತ್ತಾನೆ. ಗುರುವಿನ ಅವಶ್ಯಕತೆ ಇರುವುದು ಇಲ್ಲಿಯೇ. ಮೂರನೆಯದಾಗಿ, ಅರಿವು ಇದ್ದಮಾತ್ರಕ್ಕೆ ಸಾಲದು. ಒಡೆಯುವ, ಅರೆಯುವ, ಕಾಯಿಸುವ ಶ್ರಮವೂ ಬೇಕು. ಅದುವೇ ಸಾಧನೆ.

ಶ್ರೀಮದಾಚಾರ್ಯರ ಸಿದ್ಧಾಂತಕ್ಕೂ ಈ ದೃಷ್ಟಾಂತವು ಚೆನ್ನಾಗಿ ಹೊಂದುತ್ತದೆ. ಮೋಕ್ಷಯೋಗ್ಯನಾದ ಜೀವನ ಸ್ವರೂಪವು ಜ್ಞಾನಾನಂದಾತ್ಮಕವಾದದ್ದು. ಅವಿದ್ಯೆಯ ಆವರಣದಿಂದ ಅದು ಅವನಿಗೇ ಕಾಣದೆ ಇದೆ. ಶ್ರವಣ, ಮನನ, ನಿದಿಧ್ಯಾಸನಗಳಿಂದ ಭಕ್ತಿಯು ಪಕ್ವವಾಗಿ, ಶ್ರೀಹರಿಯ ಪ್ರಸಾದವಾದಾಗ ಆವರಣವು ತೊಲಗಿ ಸ್ವರೂಪಾನಂದವು ಅಭಿವ್ಯಕ್ತವಾಗುತ್ತದೆ. ಮುಕ್ತಿಯಲ್ಲಿ ಜೀವನು ಬೇರೆಯವನಾಗುವುದಿಲ್ಲ. ತಾನು ಯಾರೆಂಬುದನ್ನು ಪೂರ್ಣವಾಗಿ ಅನುಭವಿಸುತ್ತಾನೆ. ಜೀವರಲ್ಲಿ ತಾರತಮ್ಯವಿರುವುದರಿಂದ ಒಬ್ಬೊಬ್ಬನ ಯೋಗ್ಯತೆಯೂ ಬೇರೆ, ಪೂರ್ಣತೆಯೂ ಬೇರೆ. ನೆರೆಯವನ ಹೊನ್ನಿನೊಡನೆ ತನ್ನದನ್ನು ಹೋಲಿಸಿ ಕೊರಗುವುದಕ್ಕೆ ಇಲ್ಲಿ ಅವಕಾಶವೇ ಇಲ್ಲ. ತನ್ನ ಕಲ್ಲಿನೊಳಗಿನ ಹೊನ್ನನ್ನು ತಾನು ಹೊರತೆಗೆದರೆ ಸಾಕು. ಆದರೆ ದೃಷ್ಟಾಂತಕ್ಕೆ ಮಿತಿಯಿದೆ ಎಂಬುದನ್ನೂ ನೆನಪಿಡಬೇಕು. ಚಿನ್ನ ಜಡ, ಜೀವ ಚೇತನ. ಚಿನ್ನವು ಕುಲುಮೆಗೆ ತಾನಾಗಿ ಹೋಗಲಾರದು; ಸಾಧಕನು ಇಚ್ಛೆಯಿಂದ ಹೋಗಬೇಕು.

ಹೊರಗಿನ ಮಣ್ಣನ್ನು ಕಂಡು ಒಳಗಿನ ಬೆಲೆಯನ್ನು ಅರಿಯುವುದಕ್ಕೆ ಉಡುಪಿಯ ಕ್ಷೇತ್ರವೇ ಸಾಕ್ಷಿ. ಕಡಲಿನಲ್ಲಿ ಸಂಕಟಕ್ಕೆ ಸಿಲುಕಿದ ಹಡಗನ್ನು ಶ್ರೀಮಧ್ವಾಚಾರ್ಯರು ದಡಕ್ಕೆ ತಂದಾಗ, ಹಡಗಿನವನು ಸರಕಿನಲ್ಲಿ ಬೇಕಾದುದನ್ನು ಸ್ವೀಕರಿಸಬೇಕೆಂದು ಪ್ರಾರ್ಥಿಸಿದನೆಂದು ಸಂಪ್ರದಾಯವು ಹೇಳುತ್ತದೆ. ಆಚಾರ್ಯರು ಕೇಳಿದ್ದು ಗೋಪೀಚಂದನದ ಗಡ್ಡೆಯನ್ನು. ಹಡಗಿನವನ ಲೆಕ್ಕದಲ್ಲಿ ಅದು ಬೆಲೆಯಿಲ್ಲದ ಮಣ್ಣು. ಅದರೊಳಗಿದ್ದವನು ಕಡಗೋಲನ್ನು ಹಿಡಿದ ಶ್ರೀಕೃಷ್ಣ. ಬಾಲ್ಯದಲ್ಲಿ ಅವರು ಹುಣಸೆಬೀಜಗಳನ್ನು ಕೊಟ್ಟು ತಂದೆಯ ಸಾಲವನ್ನು ತೀರಿಸಿದ ಪ್ರಸಂಗವು ಸುಮಧ್ವವಿಜಯದಲ್ಲಿ ಪ್ರಸಿದ್ಧವಾಗಿದೆ. ವಸ್ತುವಿನ ಬೆಲೆಯನ್ನು ಪೇಟೆಯು ನಿರ್ಣಯಿಸುವುದು ಒಂದು ಬಗೆ. ಕೊಡುವ ಕೈಯ ಮಹಿಮೆಯು ನಿರ್ಣಯಿಸುವುದು ಇನ್ನೊಂದು ಬಗೆ.

ನಾಲ್ಕು ಪರೀಕ್ಷೆಗಳು

ಚಿನ್ನವನ್ನು ಉಜ್ಜಿ, ಕತ್ತರಿಸಿ, ಕಾಯಿಸಿ, ಬಡಿದು ಪರೀಕ್ಷಿಸುತ್ತಾರೆ. ಅಂತೆಯೇ ಮನುಷ್ಯನನ್ನು ತ್ಯಾಗ, ಶೀಲ, ಗುಣ, ಕರ್ಮಗಳಿಂದ ಪರೀಕ್ಷಿಸಬೇಕೆಂದು ನೀತಿಶಾಸ್ತ್ರವು ಹೇಳುತ್ತದೆ. ಈ ನಾಲ್ಕು ಜೋಡಿಗಳನ್ನು ಒಂದೊಂದಾಗಿ ನೋಡಿದರೆ ಹೋಲಿಕೆಯ ಆಳವು ತಿಳಿಯುತ್ತದೆ.

ಉಜ್ಜುವುದು ಒರೆಗಲ್ಲಿನ ಮೇಲೆ. ಒರೆಗಲ್ಲು ಒಂದು ಸಾಮಾನ್ಯವಾದ ಕರಿಯ ಕಲ್ಲು. ಅದರ ಮೇಲೆ ಉಜ್ಜಿದಾಗ ಚಿನ್ನವು ತನ್ನದೊಂದು ಗೆರೆಯನ್ನು ಅಲ್ಲಿ ಬಿಟ್ಟುಬರುತ್ತದೆ. ಅಂದರೆ ತನ್ನಲ್ಲಿ ಕಿಂಚಿತ್ತನ್ನು ಕೊಟ್ಟು ಬರುತ್ತದೆ. ಏನನ್ನೂ ಕೊಡದೆ ಪರೀಕ್ಷೆಯಲ್ಲಿ ಗೆಲ್ಲುವಂತಿಲ್ಲ. ಆದ್ದರಿಂದಲೇ ಈ ಪರೀಕ್ಷೆಗೆ ಸಮನಾದದ್ದು ತ್ಯಾಗ. ಮಹಾಭಾರತದ ಆಶ್ವಮೇಧಿಕಪರ್ವದ ಮುಂಗುಸಿಯ ಕಥೆ ಇದಕ್ಕೆ ಉದಾಹರಣೆ. ಕುರುಕ್ಷೇತ್ರದಲ್ಲಿ ಹೊಲದಲ್ಲಿ ಬಿದ್ದ ಕಾಳನ್ನು ಆಯ್ದು ಬದುಕುತ್ತಿದ್ದ ಬಡಬ್ರಾಹ್ಮಣನೊಬ್ಬನಿಗೆ, ಬರಗಾಲದಲ್ಲಿ ಹಲವು ದಿನಗಳ ಉಪವಾಸದ ಮೇಲೆ ಸ್ವಲ್ಪ ಯವಧಾನ್ಯ ದೊರೆಯಿತು. ಅದನ್ನು ಹಿಟ್ಟು ಮಾಡಿ ಗಂಡ, ಹೆಂಡತಿ, ಮಗ, ಸೊಸೆ ನಾಲ್ವರೂ ಹಂಚಿಕೊಂಡು ಕುಳಿತಾಗ ಅತಿಥಿಯೊಬ್ಬನು ಬಂದನು. ಒಬ್ಬರ ಪಾಲಿನಿಂದ ಅವನ ಹಸಿವು ತೀರಲಿಲ್ಲ. ನಾಲ್ವರೂ ಒಬ್ಬೊಬ್ಬರಾಗಿ ತಮ್ಮ ತಮ್ಮ ಪಾಲನ್ನು ಕೊಟ್ಟರು. ಅಲ್ಲಿ ಚೆಲ್ಲಿದ್ದ ಹಿಟ್ಟಿನ ಕಣಗಳಲ್ಲಿ ಹೊರಳಿದ ಮುಂಗುಸಿಯ ತಲೆಯೂ ಅರ್ಧಮೈಯೂ ಚಿನ್ನವಾಯಿತು. ಉಳಿದರ್ಧವೂ ಚಿನ್ನವಾಗಲೆಂದು ಅದು ಧರ್ಮರಾಜನ ಅಶ್ವಮೇಧದ ಭೂಮಿಯಲ್ಲಿಯೂ ಹೊರಳಿತು, ಆಗಲಿಲ್ಲ. ಯಜ್ಞವನ್ನು ಕೀಳುಮಾಡುವುದಕ್ಕಾಗಿ ಈ ಕಥೆ ಬಂದಿಲ್ಲ. ದಾನದ ಗಾತ್ರವನ್ನು ನೋಡಬೇಕಾದರೆ ಕೊಟ್ಟದ್ದನ್ನಷ್ಟೇ ಅಲ್ಲ, ಕೊಟ್ಟಮೇಲೆ ಉಳಿದದ್ದೆಷ್ಟು ಎಂಬುದನ್ನೂ ನೋಡಬೇಕೆಂದು ಹೇಳುವುದಕ್ಕಾಗಿ ಬಂದಿದೆ.

ಕತ್ತರಿಸುವುದು ಒಳಗನ್ನು ನೋಡುವುದಕ್ಕಾಗಿ. ಗಿಲೀಟಿನ ಒಡವೆ ಕತ್ತರಿಸುವವರೆಗೂ ಹೊಳೆಯುತ್ತದೆ. ಕತ್ತರಿಸಿದೊಡನೆ ತಾಮ್ರವು ಮುಖ ತೋರುತ್ತದೆ. ಅಪ್ಪಟ ಚಿನ್ನವನ್ನು ಎಲ್ಲಿ ಕತ್ತರಿಸಿದರೂ ಒಳಗೂ ಹೊರಗೂ ಒಂದೇ. ಶೀಲವೆಂದರೆ ಇದೇ. ಇದಕ್ಕೆ ಉದಾಹರಣೆ ಹೆಸರಿನಲ್ಲಿಯೇ ಚಿನ್ನವನ್ನುಳ್ಳ ಕನಕದಾಸರು. ಯಾರೂ ಕಾಣದ ಸ್ಥಳದಲ್ಲಿ ಬಾಳೆಹಣ್ಣನ್ನು ತಿಂದು ಬರಬೇಕೆಂದು ಶ್ರೀವ್ಯಾಸರಾಜರು ಶಿಷ್ಯರಿಗೆ ಹೇಳಿದಾಗ, ಉಳಿದವರೆಲ್ಲ ತಿಂದು ಬಂದರು. ಕನಕದಾಸರು ಹಣ್ಣನ್ನು ಹಾಗೆಯೇ ಹಿಂದಕ್ಕೆ ತಂದರು. ಶ್ರೀಹರಿಯು ಕಾಣದ ಸ್ಥಳವೇ ಅವರಿಗೆ ಸಿಗಲಿಲ್ಲ. ನಿಧಿಯಾಗಿ ದೊರೆತ ಹೊನ್ನನ್ನು ದೇವರ ಕಾರ್ಯಕ್ಕೆ ವಿನಿಯೋಗಿಸಿದ ಕಾರಣ ತಿಮ್ಮಪ್ಪನಾಯಕರಿಗೆ ಕನಕನೆಂಬ ಹೆಸರು ಬಂತೆಂದು ಐತಿಹ್ಯವಿದೆ. ಆದರೆ ಆ ಹೆಸರನ್ನು ಅವರು ನಿಜವಾಗಿ ಗಳಿಸಿಕೊಂಡದ್ದು ಕೊಪ್ಪರಿಗೆಯ ಹೊನ್ನಿನಿಂದಲ್ಲ, ಆ ಒಂದು ಬಾಳೆಹಣ್ಣಿನಿಂದ ಎಂದರೆ ತಪ್ಪಾಗಲಾರದು.

ಕಾಯಿಸುವುದು ಕುಲುಮೆಯಲ್ಲಿ. ಚಿನ್ನವು ಸುಮಾರು 1064 ಡಿಗ್ರಿ ಸೆಲ್ಸಿಯಸ್ ಉಷ್ಣತೆಯಲ್ಲಿ ಕರಗುತ್ತದೆ. ತಾಮ್ರವು ಕಾದಾಗ ಕಪ್ಪಾಗುತ್ತದೆ. ಶುದ್ಧವಾದ ಚಿನ್ನವು ಕರಗಿದರೂ ಕಪ್ಪಾಗುವುದಿಲ್ಲ. ಕಷ್ಟ, ಅವಮಾನಗಳ ಬೆಂಕಿಯಲ್ಲಿ ಕರಗುವುದು ತಪ್ಪಲ್ಲ, ಕಪ್ಪಾಗುವುದು ತಪ್ಪು. ಪ್ರಹ್ಲಾದನನ್ನು ಆನೆಗಳಿಂದ ತುಳಿಸಿದರು, ಸರ್ಪಗಳಿಂದ ಕಚ್ಚಿಸಿದರು, ಬೆಟ್ಟದಿಂದ ಉರುಳಿಸಿದರು, ವಿಷವನ್ನುಣಿಸಿದರು, ಬೆಂಕಿಗೆ ಒಡ್ಡಿದರು. ಇಷ್ಟಾದಮೇಲೆ ಶ್ರೀನರಸಿಂಹದೇವನು ವರವನ್ನು ಬೇಡೆಂದಾಗ ಅವನು ತನ್ನ ತಂದೆಯು ಪಾಪದಿಂದ ಶುದ್ಧನಾಗಲಿ ಎಂದು ಬೇಡಿದನು. ಅಷ್ಟೂ ಬೆಂಕಿಯಲ್ಲಿ ಆ ಮಗನ ಮನಸ್ಸಿಗೆ ದ್ವೇಷದ ಒಂದು ಚುಕ್ಕೆ ಕಪ್ಪೂ ಹತ್ತಿರಲಿಲ್ಲ ಎಂಬುದಕ್ಕೆ ಆ ವರವೇ ಪ್ರಮಾಣ.

ಬಡಿಯುವುದು ಸುತ್ತಿಗೆಯಿಂದ. ಒಂದೇ ಒಂದು ಗ್ರಾಂ ಶುದ್ಧ ಚಿನ್ನವನ್ನು ಬಡಿದು ಬಡಿದು ಸುಮಾರು ಒಂದು ಚದರ ಮೀಟರ್ ಅಗಲದ ತಗಡಾಗಿ ಹರಡಬಹುದು. ಪೆಟ್ಟು ಬಿದ್ದಷ್ಟೂ ಅದು ಒಡೆಯದೆ ವಿಸ್ತಾರವಾಗುತ್ತದೆ. ದಿನದಿನದ ಕರ್ಮವೂ ಹೀಗೆಯೇ. ಒಂದು ದಿನದ ಉತ್ಸಾಹದಿಂದ ಒಬ್ಬನ ಯೋಗ್ಯತೆ ತಿಳಿಯುವುದಿಲ್ಲ. ಪ್ರತಿದಿನವೂ ಅದೇ ಪೆಟ್ಟನ್ನು ತಾಳಿಕೊಂಡು ಮಾಡಿದ ಕರ್ತವ್ಯದಿಂದ ತಿಳಿಯುತ್ತದೆ. ಹಾಸಿಗೆ ಹಿಡಿದ ಅತ್ತೆಯನ್ನು ವರ್ಷಗಟ್ಟಲೆ ನೋಡಿಕೊಂಡ ಸೊಸೆ, ಬೆಳಗಿನ ಲೋಕಲ್ ರೈಲಿನ ನೂಕುನುಗ್ಗಲಿಗೆ ಮುನ್ನ ಎದ್ದು ಸಂಧ್ಯಾವಂದನೆಯನ್ನು ತಪ್ಪಿಸದ ಗೃಹಸ್ಥ, ಇವರ ಹೆಸರುಗಳು ಎಲ್ಲಿಯೂ ಅಚ್ಚಾಗುವುದಿಲ್ಲ. ಆದರೆ ತಗಡಾಗಿ ಹರಡಿ ಮನೆಯನ್ನೆಲ್ಲ ಹೊದಿಸಿರುವ ಚಿನ್ನವು ಅವರೇ.

ಮೂಗುತಿಯನ್ನು ಗುರುತಿಸಿದ ಕಣ್ಣು

ಪರೀಕ್ಷೆಯ ಮಾತು ಬಂದಮೇಲೆ ಪರೀಕ್ಷಕನ ಮಾತೂ ಬರಬೇಕು. ಆಗ ನೆನಪಾಗುವವರು ಶ್ರೀಪುರಂದರದಾಸರು. ಅವರ ಊರು ಪುಣೆಯ ಬಳಿಯ ಪುರಂದರಗಡವೆಂದು ಬಹುಕಾಲದಿಂದ ನಂಬಿಕೆಯಿದೆ. ಮಲೆನಾಡಿನ ತೀರ್ಥಹಳ್ಳಿಯ ಬಳಿಯ ಆರಗ ಸೀಮೆಯೆಂದು ಹೇಳುವ ವಿದ್ವಾಂಸರೂ ಇದ್ದಾರೆ. ಅವರು ಎಲ್ಲಿಯವರಾದರೂ, ಪೂರ್ವಾಶ್ರಮದಲ್ಲಿ ಶ್ರೀನಿವಾಸನಾಯಕರೆಂಬ ಹೆಸರಿನ ಚಿನಿವಾರರಾಗಿದ್ದರೆಂಬುದೂ ಒಡವೆಗಳನ್ನು ಒತ್ತೆಯಿಟ್ಟುಕೊಂಡು ಸಾಲ ಕೊಡುತ್ತಿದ್ದರೆಂಬುದೂ ಎಲ್ಲರೂ ಬಲ್ಲ ಸಂಗತಿ.

ಮಗನ ಉಪನಯನಕ್ಕೆಂದು ಹಣ ಬೇಡಿ ಬಂದ ವೃದ್ಧಬ್ರಾಹ್ಮಣನನ್ನು ನಾಯಕರು ಅಲೆದಾಡಿಸಿದ್ದು, ಅವರ ಪತ್ನಿ ಸರಸ್ವತೀಬಾಯಿ ತನ್ನ ಮೂಗುತಿಯನ್ನು ಕೊಟ್ಟದ್ದು, ಅದನ್ನೇ ಅವನು ನಾಯಕರ ಅಂಗಡಿಗೆ ತಂದದ್ದು, ಮನೆಯಲ್ಲಿ ವಿಷದ ಬಟ್ಟಲಿಗೆ ಮೂಗುತಿ ಬಂದು ಬಿದ್ದದ್ದು, ಅಂಗಡಿಯ ಪೆಟ್ಟಿಗೆಯಲ್ಲಿ ಅದು ಇಲ್ಲವಾದದ್ದು, ಈ ಕಥೆಯನ್ನು ಮಾಧ್ವರ ಮನೆಯ ಮಕ್ಕಳೆಲ್ಲ ಕೇಳಿ ಬೆಳೆದಿದ್ದಾರೆ. ಆದರೆ ಇದರಲ್ಲಿ ಒಂದು ಸಣ್ಣ ಸಂಗತಿ ಸಾಮಾನ್ಯವಾಗಿ ಗಮನಕ್ಕೆ ಬಾರದೆ ಹೋಗುತ್ತದೆ. ನಾಯಕರು ಮೂಗುತಿಯನ್ನು ನೋಡಿದೊಡನೆ ಗುರುತಿಸಿದರು. ಅದರ ಕೆಲಸ, ಹರಳು, ತೂಕ ಎಲ್ಲವೂ ಅವರಿಗೆ ಕಂಠಪಾಠವಾಗಿತ್ತು. ಆದರೆ ಆ ಮೂಗುತಿಯನ್ನು ಧರಿಸಿದವಳನ್ನು ಅದುವರೆಗೆ ಗುರುತಿಸಿರಲಿಲ್ಲ. ಗುಲಗಂಜಿ ತೂಕದ ಬೆರಕೆಯನ್ನೂ ಕಂಡುಹಿಡಿಯುವ ಕಣ್ಣು, ತನ್ನ ಮನೆಯಲ್ಲಿಯೇ ಇದ್ದ ಅಪರಂಜಿಯನ್ನು ಕಂಡುಹಿಡಿದಿರಲಿಲ್ಲ.

ನಾಯಕರ ಕಣ್ಣು ತೆರೆದದ್ದು ಆಗ. ಸಂಪತ್ತನ್ನೆಲ್ಲ ತುಳಸೀದಳದೊಡನೆ ಕೃಷ್ಣಾರ್ಪಣ ಮಾಡಿ, ಶ್ರೀವ್ಯಾಸರಾಜರ ಶಿಷ್ಯರಾಗಿ, ಪುರಂದರವಿಠಲನ ಅಂಕಿತದಲ್ಲಿ ಹಾಡುತ್ತ ಮಧುಕರವೃತ್ತಿಯಿಂದ ಬಾಳಿದರು. ದಾಸದೀಕ್ಷೆಗೆ ಕಾರಣಳಾದ ಮಡದಿಯ ಉಪಕಾರವನ್ನು ಅವರು ಹಾಡಿನಲ್ಲಿಯೂ ಸ್ಮರಿಸಿದ್ದಾರೆ. ಚಿನಿವಾರನ ವಿದ್ಯೆಯನ್ನು ಅವರು ಬಿಟ್ಟರೆನ್ನುವುದಕ್ಕಿಂತ, ಅದನ್ನು ಬೇರೆಡೆಗೆ ತಿರುಗಿಸಿದರೆನ್ನುವುದು ಹೆಚ್ಚು ಸರಿ. ಮೊದಲು ಲೋಹವನ್ನು ಒರೆಗೆ ಹಚ್ಚುತ್ತಿದ್ದವರು ಆಮೇಲೆ ಮನಸ್ಸನ್ನು ಹಚ್ಚಿದರು. ಹೊರಗೆ ಮಡಿ, ಒಳಗೆ ಮತ್ಸರ ಇದ್ದವರನ್ನು ಅವರ ಪದಗಳು ಕಂಡುಹಿಡಿಯುವ ರೀತಿಯಲ್ಲಿ ಹಳೆಯ ಅಂಗಡಿಯ ನಿಷ್ಕರ್ಷೆಯೇ ಕಾಣುತ್ತದೆ.

22 ಕ್ಯಾರೆಟ್ಟಿನ ಬಾಳು

ಇಷ್ಟು ಕೇಳಿದ ಗೃಹಸ್ಥನಿಗೆ ಒಂದು ಅಳುಕು ಹುಟ್ಟುವುದು ಸಹಜ. ಪ್ರಹ್ಲಾದರೂ ಪುರಂದರದಾಸರೂ ಅಪರಂಜಿಗಳು. ಸಂಸಾರದಲ್ಲಿ ಮುಳುಗಿದ ಸಾಮಾನ್ಯನ ಗತಿಯೇನು? ಇದಕ್ಕೂ ಅಕ್ಕಸಾಲಿಗನಲ್ಲಿಯೇ ಉತ್ತರವಿದೆ.

24 ಕ್ಯಾರೆಟ್ಟಿನ ಶುದ್ಧ ಚಿನ್ನವು ಬಹಳ ಮೆತು. ಅದರಿಂದ ಬಳೆ ಮಾಡಿದರೆ ಬಾಗುತ್ತದೆ, ಸವೆಯುತ್ತದೆ. ಆದ್ದರಿಂದ ನಿತ್ಯ ಧರಿಸುವ ಒಡವೆಗೆ 24ರಲ್ಲಿ 2 ಭಾಗ ತಾಮ್ರ, ಬೆಳ್ಳಿ ಮೊದಲಾದವುಗಳನ್ನು ಸೇರಿಸುತ್ತಾರೆ. ಅದೇ 22 ಕ್ಯಾರೆಟ್, ಅಂದರೆ ಸಾವಿರಕ್ಕೆ 916 ಪಾಲು ಚಿನ್ನ. ಮನೆ ನಡೆಸುವವನಿಗೂ ಸ್ವಲ್ಪ ಗಡಸು ಬೇಕು. ಲೆಕ್ಕಾಚಾರ, ಉಳಿತಾಯ, ಮಕ್ಕಳ ಮುಂದೆ ಕೆಲವೊಮ್ಮೆ ಕಠಿಣವಾದ ಮಾತು, ಇವೆಲ್ಲ ಆ ಎರಡು ಭಾಗ. ಅದಕ್ಕಾಗಿ ಯಾರೂ ನಾಚಬೇಕಾಗಿಲ್ಲ. ಎರಡು ಹೋಗಿ ಹನ್ನೆರಡಾಗದಂತೆ ನೋಡಿಕೊಳ್ಳಬೇಕು, ಅಷ್ಟೆ.

ಇನ್ನೊಂದು ಮುಖ್ಯವಾದ ಸಂಗತಿಯಿದೆ. ಭಾರತದಲ್ಲಿ ಚಿನ್ನದ ಒಡವೆಗಳಿಗೆ ಹಾಲ್‌ಮಾರ್ಕ್ ಮುದ್ರೆಯ ವ್ಯವಸ್ಥೆಯು 2000ದಲ್ಲಿ ಆರಂಭವಾಯಿತು. 2021ರ ಜೂನ್ 16ರಿಂದ ಹಂತಹಂತವಾಗಿ ಅದು ಕಡ್ಡಾಯವಾಯಿತು. ಆ ಮುದ್ರೆಯು ಎಲ್ಲ ಒಡವೆಯೂ ಅಪರಂಜಿಯಾಗಿರಬೇಕೆಂದು ಹೇಳುವುದಿಲ್ಲ. ಇದ್ದುದನ್ನು ಇದ್ದಷ್ಟೇ ಹೇಳಬೇಕೆಂದು ಹೇಳುತ್ತದೆ. 22 ಕ್ಯಾರೆಟ್ಟನ್ನು 22 ಎಂದು ಮಾರುವುದು ವ್ಯಾಪಾರ. 24 ಎಂದು ಮಾರುವುದು ಮೋಸ. ಭಕ್ತಿಯಲ್ಲಿಯೂ ಆಚಾರದಲ್ಲಿಯೂ ಇದೇ ನ್ಯಾಯ. ತನಗೆ ಎಷ್ಟು ಸಾಧ್ಯವೋ ಅಷ್ಟನ್ನು ಮಾಡಿ, ಅಷ್ಟೇ ಮಾಡಿದೆನೆಂದು ದೇವರ ಮುಂದೆ ಒಪ್ಪಿಕೊಳ್ಳುವವನು ಪ್ರಾಮಾಣಿಕ. ಮಾಡದ ಅನುಷ್ಠಾನವನ್ನು ಮಾಡಿದಂತೆ ತೋರಿಸಿಕೊಳ್ಳುವುದಕ್ಕೆ ಶಾಸ್ತ್ರಗಳು ಇಟ್ಟ ಹೆಸರು ದಂಭ. ಮಕ್ಕಳು ಮನೆಯಲ್ಲಿ ಮೊದಲು ಕಂಡುಹಿಡಿಯುವುದು ಹಿರಿಯರ ಈ ಸುಳ್ಳು ಮುದ್ರೆಯನ್ನೇ.

ಗುಲಗಂಜಿಯ ತೂಕ

ಚಿನ್ನಕ್ಕೆ ಸುಟ್ಟ ದುಃಖವಿಲ್ಲ, ಕತ್ತರಿಸಿದ ದುಃಖವಿಲ್ಲ. ತನ್ನನ್ನು ಗುಲಗಂಜಿಯೊಡನೆ ಇಟ್ಟು ತೂಗುತ್ತಾರಲ್ಲ ಎಂಬುದೊಂದೇ ದುಃಖ ಎಂಬ ಭಾವದ ಸುಭಾಷಿತವೊಂದು ಪ್ರಸಿದ್ಧವಾಗಿದೆ. ಹಿಂದೆ ಅಕ್ಕಸಾಲಿಗರು ಗುಲಗಂಜಿಯ ಬೀಜವನ್ನು ತೂಕಕ್ಕೆ ಬಳಸುತ್ತಿದ್ದರು. ಇಂದು ಎಲೆಕ್ಟ್ರಾನಿಕ್ ತಕ್ಕಡಿ ಬಂದು ಗುಲಗಂಜಿ ಅಂಗಡಿಯಿಂದ ಮರೆಯಾಗಿದೆ. ಆದರೆ ಮನುಷ್ಯರನ್ನು ತೂಗುವಲ್ಲಿ ಅದು ಮರೆಯಾಗಿಲ್ಲ.

ವರನನ್ನು ಸಂಬಳದ ಅಂಕಿಯಿಂದ ತೂಗುತ್ತಾರೆ. ವಿದ್ಯಾರ್ಥಿಯನ್ನು ಶೇಕಡಾವಾರು ಅಂಕದಿಂದ ತೂಗುತ್ತಾರೆ. ಮನೆಗೆ ಬರುವ ಸೊಸೆಯನ್ನು ಅಕ್ಷರಶಃ ಚಿನ್ನದಿಂದಲೇ ತೂಗುವ ಮನೆಗಳು ಇನ್ನೂ ಇವೆ. ವರದಕ್ಷಿಣೆಯನ್ನು ನಿಷೇಧಿಸುವ ಕಾಯಿದೆಯು 1961ರಲ್ಲಿಯೇ ಬಂದಿದೆ. "ನಾವು ಏನನ್ನೂ ಕೇಳುವುದಿಲ್ಲ, ನಿಮ್ಮ ಮಗಳಿಗೆ ನೀವು ಹಾಕುವುದು ನಿಮ್ಮ ಇಷ್ಟ" ಎಂಬ ಮಾತು ಬಂದಾಗ ಹೆಣ್ಣು ಹೆತ್ತವರಿಗೆ ಅದರ ಅರ್ಥ ತಿಳಿಯದೆ ಇರುವುದಿಲ್ಲ. 2025ರಲ್ಲಿ 10 ಗ್ರಾಂ ಚಿನ್ನದ ಬೆಲೆ ಒಂದು ಲಕ್ಷ ರೂಪಾಯಿಯನ್ನು ದಾಟಿತು. ಆ ದಿನ ಎಷ್ಟು ತಂದೆಯರು ನಿದ್ರೆಗೆಟ್ಟರೋ ದೇವರೇ ಬಲ್ಲ. ಮೂಗುತಿಯನ್ನು ಗುರುತಿಸಿ ಮಡದಿಯನ್ನು ಗುರುತಿಸದ ನಾಯಕರ ಕಣ್ಣಿಗೂ, ಬಳೆಯ ತೂಕವನ್ನು ಎಣಿಸಿ ಸೊಸೆಯ ಗುಣವನ್ನು ಎಣಿಸದ ಕಣ್ಣಿಗೂ ವ್ಯತ್ಯಾಸವಿಲ್ಲ. ನಾಯಕರಿಗೆ ಒಂದೇ ದಿನದಲ್ಲಿ ತಿಳಿಯಿತು. ಉಳಿದವರಿಗೆ ತಿಳಿಯುವುದು ತಡವಾಗುತ್ತಿದೆ.

ತೂಕದ ವಿಷಯದಲ್ಲಿ ಕೊನೆಯ ಮಾತನ್ನು ಹೇಳಿರುವುದು ಶ್ರೀಕೃಷ್ಣನ ತುಲಾಭಾರದ ಕಥೆ. ಸತ್ಯಭಾಮೆಯ ಚಿನ್ನವೆಲ್ಲ ಒಂದು ತಟ್ಟೆಯಲ್ಲಿ ರಾಶಿಬಿದ್ದರೂ ತಕ್ಕಡಿ ಅಲುಗಲಿಲ್ಲ. ರುಕ್ಮಿಣೀದೇವಿಯು ಭಕ್ತಿಯಿಂದ ಇಟ್ಟ ಒಂದು ತುಳಸೀದಳಕ್ಕೆ ಅದು ತೂಗಿತು. ಚಿನ್ನವು ಹಗುರವೆಂದು ಈ ಕಥೆಯ ಅರ್ಥವಲ್ಲ. ಲೋಹಗಳಲ್ಲಿ ಅದು ಅತ್ಯಂತ ಭಾರವಾದವುಗಳಲ್ಲಿ ಒಂದು. ನೀರಿಗಿಂತ 19 ಪಟ್ಟಿಗೂ ಹೆಚ್ಚು ಸಾಂದ್ರವಾದದ್ದು. "ಇದು ನನ್ನದು" ಎಂಬ ಭಾವವು ಅಂಟಿಕೊಂಡಾಗ ಮಾತ್ರ ದೇವರ ತಕ್ಕಡಿಯಲ್ಲಿ ಅದಕ್ಕೆ ತೂಕವಿಲ್ಲದಂತಾಗುತ್ತದೆ.

ಹಾಗಾದರೆ ಚಿನ್ನವನ್ನು ಎಸೆಯಬೇಕೇ? ಇಲ್ಲ. ಮಾಂಗಲ್ಯವು ಚಿನ್ನದ್ದೇ, ದೇವರ ಕವಚವೂ ಚಿನ್ನದ್ದೇ. ಉಡುಪಿಯ ಶ್ರೀಕೃಷ್ಣನ ಗರ್ಭಗುಡಿಗೆ 2019ರಲ್ಲಿ ಸುವರ್ಣಗೋಪುರದ ಸಮರ್ಪಣೆಯಾದಾಗ ನಾಡಿನ ಎಷ್ಟೋ ಮನೆಗಳ ಚಿನ್ನದ ಚೂರುಗಳು ಅದರಲ್ಲಿ ಸೇರಿದವು. ಮಮಕಾರವನ್ನು ಕಳೆದುಕೊಂಡು ಸಮರ್ಪಿತವಾದ ಚಿನ್ನದಲ್ಲಿ ಕಲಿಗೆ ಸ್ಥಳವಿಲ್ಲ. ಬಡವಿದ್ಯಾರ್ಥಿಯ ಶುಲ್ಕವಾಗಿ, ರೋಗಿಯ ಔಷಧವಾಗಿ, ಹೆಣ್ಣುಮಗಳ ಮುಪ್ಪಿನ ಆಸರೆಯಾಗಿ ಬಳಕೆಯಾದ ಚಿನ್ನಕ್ಕೂ ಇದೇ ಮಾತು ಸಲ್ಲುತ್ತದೆ.

ಸಾಧಕನು ಮಾಡಬೇಕಾದದ್ದು ದೊಡ್ಡದೇನಲ್ಲ. ರಾತ್ರಿ ಮಲಗುವ ಮುನ್ನ ಆ ದಿನದ ಒಂದು ನಡೆಯನ್ನು ಒರೆಗಲ್ಲಿನ ಮೇಲೆ ಎಳೆದು ನೋಡಬೇಕು. ಮೇಲಧಿಕಾರಿಯ ಮುಂದೆ ಆಡಿದ ಮಾತನ್ನಲ್ಲ. ಅಲ್ಲಿ ಎಲ್ಲರೂ ಹೊಳೆಯುತ್ತಾರೆ. ಮನೆಗೆಲಸದವಳಿಗೆ ಆಡಿದ ಮಾತು, ದೂರದ ಊರಿನಲ್ಲಿ ಒಂಟಿಯಾಗಿರುವ ವೃದ್ಧತಾಯಿಯ ಫೋನಿಗೆ ಕೊಟ್ಟ ಉತ್ತರ, ಯಾರೂ ಲೆಕ್ಕ ಕೇಳದ ಹಣದ ವಿಲೇವಾರಿ, ಇವೇ ಕರಿಯ ಕಲ್ಲುಗಳು. ಅಲ್ಲಿ ಬಿದ್ದ ಗೆರೆಯ ಬಣ್ಣವನ್ನು ಬೇರೆ ಯಾರೂ ನೋಡಬೇಕಾಗಿಲ್ಲ. ತಾನೇ ನೋಡಿಕೊಂಡರೆ ಸಾಕು. ಬಿಂಬರೂಪಿಯಾದ ಶ್ರೀಹರಿಯು ಒಳಗೇ ಕುಳಿತು ನೋಡುತ್ತಿರುತ್ತಾನೆ.

ಕಲ್ಲಿನಲ್ಲಿ ಹೊನ್ನನ್ನು ಇಟ್ಟವನು ಅವನು. ಅದನ್ನು ತೆಗೆಯುವ ಉಪಾಯವನ್ನು ಗುರುಗಳ ಮೂಲಕ ತಿಳಿಸಿದವನೂ ಅವನೇ. ಪುಟವಿಡುವಾಗ ಬೆಂಕಿ ಹೆಚ್ಚಾಗದಂತೆ, ಕಡಿಮೆಯೂ ಆಗದಂತೆ ನೋಡಿಕೊಳ್ಳುವ ಅಕ್ಕಸಾಲಿಗನೂ ಅವನೇ. ಆ ನಂಬಿಕೆಯೊಂದಿದ್ದರೆ ಕುಲುಮೆಯ ಕಾವನ್ನು ತಾಳಿಕೊಳ್ಳುವ ಧೈರ್ಯವು ತಾನಾಗಿ ಬರುತ್ತದೆ.

॥ ಶ್ರೀಕೃಷ್ಣಾರ್ಪಣಮಸ್ತು ॥